ಅಕ್ಕಿಯ ತಟ್ಟೆ ಹಿಡಿದವಳು

ಕೋಲಮ್ ಅಕ್ಕಿ, ಬೆಳ್ಳಗೆ, ಒಂದು ನುಚ್ಚೂ ಇಲ್ಲದ ಹಾಗೆ ಆರಿಸಿದ್ದಾರೆ, ತಟ್ಟೆ ಹಿತ್ತಾಳೆಯದು, ಭಾರ ಇದೆ — ಯಾಕಾದರೂ ಹಿಡಿದುಕೊಂಡೆ, ಅಕ್ಷತೆಗಿರಬೇಕು ಅಂದುಕೊಂಡೆ, ಮದುವೆಮನೆಯಲ್ಲಿ ಯಾರು ತಟ್ಟೆ ಚಾಚಿದರೂ ಎರಡೂ ಕೈ ಮುಂದೆ ಮಾಡುವ ಹಾಳು ಅಭ್ಯಾಸ, ಈಗ ಭಟ್ಟರು ಹೇಳುತ್ತಾರೆ, ಗಟ್ಟಿ ಹಿಡೀರಿ ಅಮ್ಮ, ಹುಡುಗಿಯ ತಾಯಿಯೇ ಹಿಡೀಬೇಕು, ಹುಡುಗ ಉಂಗುರದಲ್ಲಿ ಅಕ್ಕಿ ಮೇಲೆ ಅವಳ ಹೊಸ ಹೆಸರು ಬರೀತಾನೆ. ಹೊಸ ಹೆಸರು! ಖಾರಘರದ ಬೀಗರ ಮನೆಯ ಸೋಫಾದಲ್ಲಿ ಕೂತು, ನಿಶ್ಚಿತಾರ್ಥಕ್ಕೆ ಮೊದಲೇ, ಬಾಯಿಬಿಟ್ಟು ಹೇಳಿದ್ದೆ, ನಮ್ಮ ನಿಶ್ಮಿತಾ ನಿಶ್ಮಿತಾ ಆಗಿಯೇ ಇರಬೇಕು, ಹುಡುಗನ ತಾಯಿ ಸತ್ಯಭಾಮಾ ಬಾಯಿತುಂಬ ನಕ್ಕು, ಅಯ್ಯೋ ಉಮಕ್ಕ, ಈ ಕಾಲದಲ್ಲಿ ಅದೆಲ್ಲ ಯಾರು ಮಾಡ್ತಾರೆ, ಚಾ ತಕೊಳ್ಳಿ. ಈಗ ಅದೇ ಬಾಯಿ, ಪೈಠಣಿಯ ಸೆರಗು ಸರಿಮಾಡಿಕೊಳ್ಳುತ್ತಾ, ಬರೇ ರೀತ್ ಮಾರಾಯ್ರೆ, ಆಧಾರ್‌ನಲ್ಲಿ ಹಳೇದೇ ಇರ್ಲಿ, ಫೋಟೋಗೆ ಚಂದ. ಫೋಟೋಗೆ! ಈ ರೀತ್, ಈ ಪದ್ಧತಿ, ಇವರು ಉಡುಪಿಯಿಂದ ತಂದದ್ದೋ, ಮಾಜಿವಾಡಾದ ಈ ಹಾಲ್‌ನ ಪ್ಯಾಕೇಜಿನಲ್ಲಿ ಬಂದದ್ದೋ, ಮೈ ಉರಿಯುತ್ತದೆ ನನಗೆ. ಮದುಮಗ ಮನೀಶ ಉಂಗುರ ಹಿಡಿದು ಬಗ್ಗಿದ, ಅಕ್ಕಿ ಸರಿಯಿತು, ಉಂಗುರ ತಟ್ಟೆಯ ತಳಕ್ಕೆ ತಾಗಿ ಕರ್ರ್ — ನನ್ನ ಬೆರಳಿಗೇ ಕೊರೆದ ಹಾಗಾಯಿತು.

ರೀಟಾಳಿಗೂ ಹೀಗೆಯೇ ಮಾಡಿದರು, ಏಳುನೂರು ವರ್ಷದ ಹಿಂದೆ, ಅರ್ಮೇನಿಯಾದ ರಾಜನ ಮಗಳು, ಕಾನ್‌ಸ್ಟಾಂಟಿನೋಪಲ್‌ಗೆ ಸೊಸೆಯಾಗಿ ಹೋದಳು, ಮರಿಯಾ ಎಂದು ಹೆಸರಿಟ್ಟರು, ತವರಿನ ಚರ್ಚು ಬಿಡಿಸಿ ತಮ್ಮ ಚರ್ಚಿಗೆ ಸೇರಿಸಿಕೊಂಡರು, ಬದಲಿಗೆ ಸಾಮ್ರಾಜ್ಞಿ ಎಂಬ ಬಿರುದು, ಗಂಡ ಸತ್ತ ಮೇಲೆ ಸನ್ಯಾಸಿನಿಯಾಗಿ ಮೂರನೆಯ ಹೆಸರು, ಕ್ಸೇನೆ — ಅವಳ ಅಣ್ಣ ಹೆತುಮನೂ ಸನ್ಯಾಸ ತೆಗೆದುಕೊಂಡು ಯೋಹಾನ ಎನ್ನಿಸಿಕೊಂಡ, ಆದರೆ ತಾನಾಗಿ ಬೇಕೆಂದು, ಮತ್ತೆ ಎದ್ದು ಬಂದು ರಾಜನೂ ಆದ, ಗಂಡಸಿಗೆ ರಿಟರ್ನ್ ಟಿಕೆಟ್ ಯಾವಾಗಲೂ ಇರುತ್ತದೆ. ಇದನ್ನೆಲ್ಲ ಬರೆದವಳು ನಾನೇ, ಕಲ್ಯಾಣದ ಕಾಲೇಜಿನಲ್ಲಿ ಇತಿಹಾಸ ಪಾಠ ಮಾಡುತ್ತಾ ಹನ್ನೊಂದು ವರ್ಷ ಎಳೆದ ಮಹಾಪ್ರಬಂಧ, ಅದರಲ್ಲೊಂದು ಸಾಲು, ಹೆಸರು ಬದಲಿಸಿದಾಗ ಅವಳ ಕಡೆಯವರು ಯಾರೂ ತಡೆದಂತೆ ಕಾಣುವುದಿಲ್ಲ, ಎಷ್ಟು ಸಿಟ್ಟಿನಲ್ಲಿ ಬರೆದಿದ್ದೆ, ಪೆನ್ನಿನ ನಿಬ್ಬು ಕಾಗದ ಹರಿದಿತ್ತು. ಹಿಂದೆ ನಿಂತ ನನ್ನ ಗಂಡ ಜಯಶೀಲ ತುಳುವಿನಲ್ಲಿ ಪಿಸುಗುಟ್ಟುತ್ತಾರೆ, ಮನಿಪಂದೆ ಉಂತು ಮಾರಾಯ್ತಿ, ಸುಮ್ಮನೆ ನಿಂತಿರಬೇಕಂತೆ ನಾನು, ಇವರಿಗೇನು, ನಿಶ್ಮಿತಾ ಎಂಬ ಹೆಸರಿಗಾಗಿ ಇವರ ಅಮ್ಮನ ಜೊತೆ ಆರು ತಿಂಗಳು ಮಾತು ಬಿಟ್ಟವಳು ನಾನು, ಆ ಮನೆಯಲ್ಲಿ ನಾನೊಬ್ಬಳೇ ಆರಿಸಿದ್ದು ಅದೊಂದೇ. ಕರ್ರ್. ಅ ಮುಗಿಯಿತು, ಪೇ ಶುರು, ಅಪೇಕ್ಷಾ ಅಂತೆ, ಯಾರ ಅಪೇಕ್ಷೆ!

ಹೋದ ವಾರ ಠಾಕುರ್ಲಿ ಪ್ಲಾಟ್‌ಫಾರಮ್ಮಿನಲ್ಲಿ, ಲೋಕಲ್ ಬರುವ ಸದ್ದಿನಲ್ಲಿ, ನನ್ನ ತೋಳು ಹಿಡಿದು ನಿಶ್ಮಿತಾ ಹೇಳಿದ್ದಳು, ಮಮ್ಮಿ, ಮುಝೆ ನಾಮ್ ನಹೀ ಬದಲ್‌ನಾ, ತುಮ್ ಬೋಲ್ ದೇನಾ ನಾ, ಹೆಸರು ಬದಲಿಸೋದು ಬೇಡ ಅಂತ ನಾನೇ ಹೇಳ್ತೇನೆ ಮಗಾ, ನಾನಿದ್ದೇನಲ್ಲ ಎಂದಿದ್ದೆ. ಇದ್ದೇನೆ. ರೀಟಾಳ ಮದುವೆಯ ಹೊತ್ತಿಗೆ ಅವಳ ತಾಯಿ ಕೆರಾನ್ ರಾಣಿ ಸತ್ತು ಎಂಟೊಂಬತ್ತು ವರ್ಷವಾಗಿತ್ತು, ಆ ತಾಯಿಗೊಂದು ಕಾರಣವಿತ್ತು, ನನಗೆ ಏನಿದೆ, ಬಾಯಿ ಇದೆ, ಕೈ ಇದೆ, ತಟ್ಟೆ ಸ್ವಲ್ಪ ವಾಲಿಸಿದರೆ ಸಾಕು, ಇಷ್ಟೇ ಇಷ್ಟು — ಆಂಟಿ, ಸ್ಮೈಲ್, ಎನ್ನುತ್ತಾನೆ ಕ್ಯಾಮೆರಾದವನು, ನಿಶ್ಮಿತಾ ಅಕ್ಕಿಯನ್ನು ನೋಡುತ್ತಿಲ್ಲ, ಮನೀಶನನ್ನೂ ನೋಡುತ್ತಿಲ್ಲ, ನನ್ನ ಕೈಗಳನ್ನೇ ನೋಡುತ್ತಿದ್ದಾಳೆ, ಕರ್ರ್, ಉಂಗುರ, ಕರ್ರ್, ಮತ್ತು ತಟ್ಟೆ, ನನ್ನ ಕೈಯಲ್ಲಿ, ಗಟ್ಟಿಯಾಗಿ, ನೇರವಾಗಿ, ಒಂದು ಕಾಳೂ ಚೆಲ್ಲದ ಹಾಗೆ