ಅಮ್ಮ ಕರೆಸಿದ ಪಾದ್ರಿ

ಎವರಿಸ್ಟೊ ಲಾಂಡಾನನ್ನು ಕಂಡರೆ ನನಗೆ ಆಗುತ್ತಿರಲಿಲ್ಲ. ಇದರಲ್ಲಿ ಮುಚ್ಚುಮರೆ ಏನಿಲ್ಲ, ಸ್ಟುಡಿಯೊದ ಬಡಗಿಗಳಿಂದ ಹಿಡಿದು ಗೇಟಿನ ಬಳಿ ತಮಾಲೆ ಎಂಬ ಜೋಳದ ಕಡುಬು ಮಾರುವ ಹೆಂಗಸಿನವರೆಗೆ ಎಲ್ಲರಿಗೂ ಗೊತ್ತಿದ್ದ ವಿಷಯ. ನಾವಿಬ್ಬರೂ ಸಿನಿಮಾದ ಪಾದ್ರಿಗಳು. ಆ ಕಾಲಕ್ಕೆ ಮೆಕ್ಸಿಕೊ ನಗರದಲ್ಲಿ ಪಾದ್ರಿಯಿಲ್ಲದ ಸಿನಿಮಾವೇ ಇರುತ್ತಿರಲಿಲ್ಲ. ಕುದುರೆ ಏರಿದ ಹೀರೊ, ಎರಡು ಜಡೆಯ ಹುಡುಗಿ, ಮೀಸೆಯ ಜಮೀನ್ದಾರ, ಇವರ ಮಧ್ಯೆ ನಿಲುವಂಗಿ ತೊಟ್ಟ ಒಬ್ಬ ಬೇಕೇ ಬೇಕು. ಸ್ಟುಡಿಯೊದವರು ಒಂದು ಮುಖಕ್ಕೆ ಒಂದು ಪಾತ್ರ ಅಂಟಿಸಿದರೆ ಮುಗಿಯಿತು, ಸಾಯುವವರೆಗೂ ಅದೇ. ನನ್ನ ದಪ್ಪ ಕೆನ್ನೆ ನೋಡಿ ಮದುವೆ ಮಾಡಿಸುವ ಪಾದ್ರಿ ಮಾಡಿದರು. ಅವನ ಬತ್ತಿದ ಕೆನ್ನೆ, ಗುಳಿಬಿದ್ದ ಕಣ್ಣು ನೋಡಿ ಸಾಯುವವರ ಪಕ್ಕ ಕೂರುವ ಪಾದ್ರಿ ಮಾಡಿದರು.

ಮದುವೆಯಲ್ಲಿ ಪಾದ್ರಿಯನ್ನು ಯಾರು ನೋಡುತ್ತಾರೆ, ನೀವೇ ಹೇಳಿ. ಕ್ಯಾಮೆರಾ ಮದುಮಗಳ ಮೇಲೆ. ನನ್ನದು ಬರೀ ಬೆನ್ನು, ಇಲ್ಲವೇ ಆಶೀರ್ವಾದ ಮಾಡುವ ಒಂದು ಕೈ. ಸಾವಿನ ದೃಶ್ಯ ಹಾಗಲ್ಲ. ಸಾಯುವವನು ಕಣ್ಣು ಮುಚ್ಚಿದ ಮೇಲೆ ಕ್ಯಾಮೆರಾಕ್ಕೆ ಬೇರೆ ದಿಕ್ಕೆಲ್ಲಿ? ಸೀದಾ ಎವರಿಸ್ಟೊನ ಮುಖಕ್ಕೇ ಬರುತ್ತಿತ್ತು. ಅವನು ಘನಂದಾರಿ ಕೆಲಸವನ್ನೇನೂ ಮಾಡುತ್ತಿರಲಿಲ್ಲ, ಸುಮ್ಮನೆ ಕಣ್ಣು ತಗ್ಗಿಸುತ್ತಿದ್ದ, ಅಷ್ಟೆ. ಚಿತ್ರಮಂದಿರಕ್ಕೆ ಚಿತ್ರಮಂದಿರವೇ ಗೊಳೋ ಎನ್ನುತ್ತಿತ್ತು. ಮಾರುಕಟ್ಟೆಯಲ್ಲಿ ಹೆಂಗಸರು ಮುಗಿಬಿದ್ದು ಅವನ ಕೈಗೆ ಮುತ್ತಿಡುವರು, ಪಕ್ಕದಲ್ಲಿದ್ದ ನನಗೆ ಸ್ವಲ್ಪ ಜರುಗಿ ಎನ್ನುವರು.

ನನಗಿದ್ದ ಒಂದೇ ಸಮಾಧಾನವೆಂದರೆ ಅಮ್ಮ. ಸಾಂತಾ ಮರಿಯಾ ಬಡಾವಣೆಯ ನಮ್ಮ ವಠಾರದಲ್ಲಿ ಎಲ್ಲರೂ ಗೌರವದಿಂದ ದೋನ್ಯಾ ಪೆಟ್ರೊನಿಲಾ ಎನ್ನುತ್ತಿದ್ದ ಅವಳ ಮುಂದೆ ಬಾಡಿಗೆ ವಸೂಲಿಗೆ ಬರುವವನೂ ದನಿ ತಗ್ಗಿಸುತ್ತಿದ್ದ. ತೆರೆಯ ಮೇಲೆ ನನ್ನ ಬೆನ್ನು ಕಂಡರೂ ಸಾಕು, ಮುಂದಿನ ಸಾಲಿನವರ ಭುಜ ತಟ್ಟಿ, ಅವನೇ ನನ್ನ ಮಗ ಕಸಿಮಿರೊ ಎಂದು ತೋರಿಸುತ್ತಿದ್ದಳು. ಊರೆಲ್ಲ ಎವರಿಸ್ಟೊನನ್ನು ತಲೆ ಮೇಲೆ ಹೊತ್ತು ಮೆರೆಯಲಿ, ಇವಳೊಬ್ಬಳು ನನ್ನ ಕಡೆಗಿದ್ದಾಳೆ ಎಂದು ನಾನು ಹಾಯಾಗಿದ್ದೆ.

ಅವಳಿಗೆ ಎದೆಯ ಕಾಯಿಲೆ ಬಂತು. ಡಾಕ್ಟರು ಕೈಚೆಲ್ಲಿದರು. ನಮ್ಮ ಚರ್ಚಿನ ಪಾದ್ರಿ ಬಂದು ಪಾಪನಿವೇದನೆ ಕೇಳಿ, ಹಣೆಗೆ ಕೊನೆಗಾಲದ ಪವಿತ್ರ ಎಣ್ಣೆ ಹಚ್ಚಿ, ಇನ್ನೊಂದು ಮನೆಗೆ ಹೋಗಬೇಕೆಂದು ಅವಸರದಲ್ಲಿ ಹೊರಟುಹೋದರು. ಅಮ್ಮ ನನ್ನನ್ನು ಹತ್ತಿರ ಕರೆದಳು.

"ಆ ಪಾದ್ರೀನ ಕರ್ಕೊಂಡು ಬಾರೋ."

"ಈಗ ತಾನೆ ಬಂದು ಹೋದ್ರಲ್ಲಮ್ಮ."

"ಅವರಲ್ಲ ಕಣೋ. ಸಿನಿಮಾದವನು."

ಕೊನೆಗೂ ಒಬ್ಬರು ಕೇಳಿದರಲ್ಲ, ಅದೂ ನನ್ನಮ್ಮ! ಮಂಡಿಯೂರಿ ಅವಳ ಕೈ ಹಿಡಿದು, ಇಲ್ಲೇ ಇದೀನಲ್ಲಮ್ಮ ಎಂದೆ.

ಅವಳು ನನ್ನನ್ನು ಕೆಳಗಿನಿಂದ ಮೇಲೆ ನೋಡಿದಳು. "ನೀನಲ್ವೋ. ಆ ಸಣಕಲ. ಅವನು ಪಕ್ಕದಲ್ಲಿ ಕೂತ್ರೆ ಜನ ನೆಮ್ಮದಿಯಾಗಿ ಸಾಯ್ತಾರೆ."

ಅವನು ಬರೀ ನಟ, ಪಾಪ ಕ್ಷಮಿಸುವ ಅಧಿಕಾರ ಅವನಿಗಿಲ್ಲ ಎಂದೆಲ್ಲ ಬಡಕೊಂಡೆ. ಅದೆಲ್ಲ ನಂಗೊತ್ತು, ನಂಗೇನು ತಲೆ ಕೆಟ್ಟಿದ್ಯಾ, ಕ್ಷಮಿಸೋರು ಬಂದು ಕ್ಷಮಿಸಿ ಹೋದರು, ಇವನು ಬಂದು ಸುಮ್ಮನೆ ಕೂರಲಿ ಎಂದಳು.

ಹಲ್ಲು ಕಚ್ಚಿಕೊಂಡು ಸ್ಟುಡಿಯೊಗೆ ಹೋದೆ. ಎವರಿಸ್ಟೊ ಸೆಟ್ಟಿನಲ್ಲಿ ಯಾವನೋ ಸೇನಾ ಜನರಲ್‌ನನ್ನು ನೆಮ್ಮದಿಯಾಗಿ ಸಾಯಿಸುತ್ತ ಕುಳಿತಿದ್ದ. ಶಾಟ್ ಮುಗಿದ ಮೇಲೆ ವಿಷಯ ಹೇಳಿದರೆ ಅವನು ಎರಡು ಹೆಜ್ಜೆ ಹಿಂದೆ ಸರಿದ. ಬಣ್ಣ ಹಚ್ಚಿಕೊಂಡವನು ನಿಜವಾಗಿ ಸಾಯುವವರ ಮುಂದೆ ಕೂರುವುದು ಮಹಾಪಾಪ, ತನ್ನ ಕೈಲಾಗದು ಎಂದ. ನಿಜ ಹೇಳುತ್ತೇನೆ, ನನಗೆ ಒಳಗೊಳಗೇ ಖುಷಿಯಾಯಿತು. ಬರಲ್ಲ ಅಂದ ಎಂದು ಅಮ್ಮನಿಗೆ ಹೇಳಿಬಿಟ್ಟರಾಯಿತು. ಆದರೆ ಅವಳು ಬಾಗಿಲು ನೋಡುತ್ತ ಮಲಗಿರುತ್ತಾಳೆ ಎನ್ನಿಸಿ ಹಾಗೇ ಹಿಂತಿರುಗಲು ಆಗಲಿಲ್ಲ. ಅಷ್ಟು ಜನರ ಮುಂದೆ ಆ ಸಣಕಲನ ಕಾಲು ಹಿಡಿದೆ.

ಅವನು ಮುಖದ ಬಣ್ಣ ತೊಳೆದು, ನಿಲುವಂಗಿ ಕಳಚಿಟ್ಟು, ತನ್ನ ಹಳೇ ಕೋಟಿನಲ್ಲೇ ಬಂದ. ಆದರೂ ವಠಾರದ ಹೆಂಗಸರು ನಲ್ಲಿಯ ಹತ್ತಿರ ಬಕೆಟ್ಟು ಬಿಟ್ಟು ಮಂಡಿಯೂರಿದರು. ಅಮ್ಮ ಅವನನ್ನು ನೋಡಿದ್ದೇ ಎಲ್ಲರನ್ನೂ ಹೊರಗೆ ಕಳಿಸಿದಳು. ನನ್ನನ್ನೂ!

ನಾಚಿಕೆ ಬಿಟ್ಟು ಬಾಗಿಲಿಗೆ ಕಿವಿಯಿಟ್ಟೆ. ಅಮ್ಮ ಪಿಸುಗುಡುತ್ತಿದ್ದಳು, ಮಾತು ಸ್ಪಷ್ಟವಾಗಿ ಕೇಳುತ್ತಿರಲಿಲ್ಲ. ನಡುವೆ ನಕ್ಕಳು. ಆಮೇಲೆ ಅತ್ತಳು. ಅಪ್ಪ ಸತ್ತಾಗಲೂ ನಮ್ಮೆದುರು ಅಳದ ಹೆಂಗಸು ಅವಳು. ಎಷ್ಟೋ ಹೊತ್ತಾದ ಮೇಲೆ ಎವರಿಸ್ಟೊ ಹೊರಗೆ ಬಂದು, ಯಾರನ್ನೂ ನೋಡದೆ ಕಣ್ಣೊರೆಸಿಕೊಳ್ಳುತ್ತ ಹೋದ. ಮರುದಿನ ಬೆಳಿಗ್ಗೆ ಅಮ್ಮ ಶಾಂತವಾಗಿ ತೀರಿಕೊಂಡಳು.

ಮಣ್ಣು ಮುಗಿದ ಮೇಲೆ ಸ್ಮಶಾನದ ಗೇಟಿನಲ್ಲೇ ಅವನನ್ನು ಅಡ್ಡಹಾಕಿ, ಅಮ್ಮ ಏನು ಹೇಳಿದಳು ಎಂದು ಕೇಳಿದೆ.

"ಅದನ್ನ ಕೇಳಬೇಡ ಕಸಿಮಿರೊ."

"ಯಾಕೆ, ನೀನೇನು ನಿಜವಾದ ಪಾದ್ರಿಯೇನೋ?"

"ನಾನಲ್ಲ. ಆದ್ರೆ ಅವರು ಹೇಳಿದ್ದು ಪಾದ್ರಿ ಹತ್ರ ಅಂತ್ಲೇ, ಅದು ಇನ್ನೊಬ್ಬರ ಕಿವಿಗೆ ಹೋಗಬಾರ್ದು."

ಅವನ ಕೊರಳಪಟ್ಟಿ ಹಿಡಿದೆ. "ಅವಳು ನನ್ನಮ್ಮ ಕಣೋ!"

"ಹೌದಪ್ಪ. ಅದಕ್ಕೇ ಅವರಿಗೆ ನಿನ್ನ ಹತ್ರ ಹೇಳೋಕಾಗ್ಲಿಲ್ಲ."

ಆಮೇಲೂ ಅದೇ ಸ್ಟುಡಿಯೊದಲ್ಲಿ ಎಷ್ಟೋ ವರ್ಷ ಜೊತೆಯಲ್ಲಿ ದುಡಿದೆವು. ಈ ಹೊಸ ಉರಿಯ ಮುಂದೆ ಕ್ಲೋಸಪ್ಪಿನ ಹೊಟ್ಟೆಕಿಚ್ಚೆಲ್ಲ ಏನೇನೂ ಅಲ್ಲ ಎನ್ನಿಸಿತು. ನನ್ನಮ್ಮನ ಕೊನೆಯ ಮಾತನ್ನು ಹೊಟ್ಟೆಯಲ್ಲಿಟ್ಟುಕೊಂಡು ಅವನು ನನ್ನೆದುರೇ ತಮಾಲೆ ತಿನ್ನುತ್ತಿದ್ದ, ನಗುತ್ತಿದ್ದ. ಬೇಡಿದೆ, ಬೈದೆ, ಕುಡಿಸಿಯೂ ನೋಡಿದೆ. ಉಹೂಂ.

ಅವನೂ ಹಾಸಿಗೆ ಹಿಡಿದಾಗ ದಿನಾ ಹೋಗಿ ಪಕ್ಕದಲ್ಲಿ ಕೂತೆ. ಗಂಜಿ ಕುಡಿಸಿದೆ, ದಿಂಬು ಸರಿಮಾಡಿದೆ. ಸ್ನೇಹ ಅಂದರೆ ಇದು ಎಂದು ಜನ ನನ್ನನ್ನು ಹೊಗಳಿದರು. ನಾನು ಕಾಯುತ್ತಿದ್ದದ್ದು ಅವನು ಬಾಯಿ ಬಿಡಲೆಂದು. ಕಡೆಯ ದಿನ ನನ್ನ ಕೈಯನ್ನು ಬಿಗಿಯಾಗಿ ಹಿಡಿದ, ತುಟಿ ಅಲುಗಿಸಿದ. ಬಗ್ಗಿ ಕಿವಿಯಿಟ್ಟೆ. ಬಿಸಿ ಉಸಿರು ತಾಗಿತು, ಅಷ್ಟೆ. ಅಮ್ಮನನ್ನೂ ಕರೆದುಕೊಂಡು ಹೊರಟುಹೋದ, ಪಾಪಿ.