ಎಡಗೆನ್ನೆ

ಮಗಳು ಒದ್ದೆ ಬಟ್ಟೆಯಿಂದ ಅಪ್ಪನ ಎಡಗೆನ್ನೆಯ ಮೇಲೆ ಒಣಗಿದ್ದ ಸೋಪಿನ ನೊರೆ ಒರೆಸುತ್ತಿದ್ದಳು. ನೊರೆ ಹೋಯಿತು, ಬಿಳಿ ಗಡ್ಡ ಉಳಿಯಿತು. ಬಲಗೆನ್ನೆ ಮಾತ್ರ ನುಣ್ಣಗಿತ್ತು. ಬಟ್ಟೆ ಗದ್ದದ ಕೆಳಗಿಳಿದಾಗ ಅವಳ ಕೈ ನಿಂತಿತು. ಅಲ್ಲಿ ಉಗುರಿನಷ್ಟುದ್ದದ ಒಂದು ಗಾಯ.

"ಇಲ್ಲಿ ಬಂದು ನೋಡಿ" ಎಂದು ಗಂಡನನ್ನು ಕರೆದಳು.

ಅವನು ಬಗ್ಗಿ ನೋಡಿದ. "ನಿನ್ನೆಯಿಂದ ಬಡ್ಕೋತಿದ್ದೀನಲ್ಲ. ಹೃದಯ ನಿಂತಿದೆ ಅಂದ್ರು ಡಾಕ್ಟರು, ಸರಿ. ಸುಮ್ಮಸುಮ್ಮನೆ ನಿಲ್ಲುತ್ತಾ? ಪೊಲೀಸ್‌ನೋರು ಗೇಟಿನ ಹತ್ರಾನೇ ಇದಾರೆ. ದೂರು ಬರೆದಿಟ್ಟಿದ್ದೀನಿ, ನಿನ್ನ ಒಂದು ಸಹಿ ಸಾಕು."

ದೂರು ಗೂಬೆಯ ಮೇಲೆ. ಗೂಬೆ ಅಂದರೆ ಅಪ್ಪ ತಮ್ಮ ಶಿಷ್ಯನಿಗೆ ಇಟ್ಟ ಹೆಸರು. ಆ ಮನುಷ್ಯ ರೆಪ್ಪೆ ಮಿಟುಕಿಸದೆ ನೋಡುತ್ತಿದ್ದುದಕ್ಕೆ. ಒಂಬತ್ತು ವರ್ಷ ಕಾಡಿನಲ್ಲಿ ಬಂಡುಕೋರರ ಜೊತೆ ಬಂದೂಕು ಹೊತ್ತು, ಕೊನೆಗೆ ಅದನ್ನು ಒಪ್ಪಿಸಿ ಶರಣಾಗಿ, ಜೈಲಿನಿಂದ ಷರತ್ತಿನ ಮೇಲೆ ಬಿಡುಗಡೆಯಾದವನು. ಅಂಥವರಿಗೆ ಕೆಲಸ ಕಲಿಸಿ ಊರಿಗೆ ಸೇರಿಸುವ ಸಂಸ್ಥೆಯಲ್ಲಿ ಅಪ್ಪ ಕ್ಷೌರ ಹೇಳಿಕೊಡುತ್ತಿದ್ದರು. ನಿನ್ನೆ ಬೆಳಿಗ್ಗೆ ಅಪ್ಪ ಕುರ್ಚಿಯಲ್ಲೇ ಹೋದಾಗ ಪಕ್ಕದಲ್ಲಿದ್ದವನು ಇವನೊಬ್ಬನೇ, ಅದೂ ಕೈಯಲ್ಲಿ ಕ್ಷೌರದ ಕತ್ತಿ ಹಿಡಿದು. ಅವನ ಮೇಲೆ ಒಂದು ದೂರು ದಾಖಲಾದರೆ ಷರತ್ತು ಮುರಿಯುತ್ತದೆ. ಶಿಕ್ಷೆಯ ಉಳಿದ ಹನ್ನೊಂದು ವರ್ಷ ಮತ್ತೆ ಒಳಗೆ.

ಅವನು ವರಾಂಡದಲ್ಲಿ ಕೂತಿದ್ದ. ಜನ ಜಾಗವಿಲ್ಲದೆ ನಿಂತಿದ್ದರೂ ಅವನ ಆಚೀಚಿನ ಎರಡು ಕುರ್ಚಿಗಳು ಖಾಲಿ ಇದ್ದವು.

"ಬೆಳಿಗ್ಗೆಯಿಂದ ಜೇಬಿಂದ ಕೈ ತೆಗೆದಿಲ್ಲ ನೋಡು" ಎಂದು ಪಕ್ಕದ ಮನೆಯ ಅಜ್ಜಿ ಪಿಸುಗುಟ್ಟಿದಳು. "ಒಂದು ಹನಿ ಕಣ್ಣೀರೂ ಇಲ್ಲ."

"ನೀವೂ ಅತ್ತಿಲ್ಲವಲ್ಲ ಅಜ್ಜಿ."

"ನನಗೆ ಕಣ್ಣಿನ ಆಪರೇಷನ್ ಆಗಿದೆ ಕಣೇ. ಅಳಬೇಡಿ ಅಂದಿದಾರೆ ಡಾಕ್ಟರು. ಇವನಿಗೇನಾಗಿದೆ?"

*

ಅಪ್ಪನದೊಂದು ಪದ್ಧತಿ. ಹೊಸದಾಗಿ ಬಂದವನು ಯಾರೇ ಆಗಲಿ, ಮೊದಲು ಬೋಳಿಸಬೇಕಾದ್ದು ಅಪ್ಪನ ಗಡ್ಡ. ಬೇರೆ ಕಡೆ ಬಲೂನಿಗೆ ನೊರೆ ಹಚ್ಚಿ ಕಲಿಸುತ್ತಾರೆ. ಬಲೂನು ಒಡೆದರೆ ನಗು ಬರುತ್ತದೆ, ವಿದ್ಯೆ ಬರುವುದಿಲ್ಲ ಎನ್ನುತ್ತಿದ್ದರು.

"ಕತ್ತು ಕುಯ್ದ ಕೈಗಳಪ್ಪ ಅವು" ಎಂದು ಮಗಳು ಒಮ್ಮೆ ಜಗಳಕ್ಕೇ ನಿಂತಿದ್ದಳು.

"ಅದಕ್ಕೇ ಕಣಮ್ಮ. ಹಗುರವಾಗಿ ಹಿಡಿಯೋದನ್ನ ಅವರಿಗೆ ಯಾರೂ ಕಲಿಸಿಲ್ಲ."

"ನಿಮಗೆ ಭಯ ಆಗಲ್ವಾ?"

"ಆಗದೆ ಏನು. ಕಣ್ಣು ಮುಚ್ಕೊಂಡ್ಬಿಡ್ತೀನಿ. ನಾನು ನೋಡ್ತಾ ಇದ್ರೆ ಅವನ ಕೈ ನಡುಗುತ್ತೆ. ಆಮೇಲೆ ನನ್ನ ಗತಿ?"

ಹಾಗೆಂದು ನಕ್ಕಿದ್ದರು. ಅವಳಿಗೆ ಮೈಯೆಲ್ಲ ಉರಿದಿತ್ತು. ಚಿಕ್ಕವಳಿದ್ದಾಗ ಅಪ್ಪ ಕನ್ನಡಿಯ ಮುಂದೆ ಕೂತರೆ ಕೆನ್ನೆಯ ಚರ್ಮವನ್ನು ಎರಡು ಕೈಯಿಂದ ಎಳೆದು ಹಿಡಿಯುವುದು ಅವಳ ಕೆಲಸವಾಗಿತ್ತು. ಆ ಕೆನ್ನೆಯನ್ನು ಈಗ ಕಂಡಕಂಡವರಿಗೆ ಒಡ್ಡುತ್ತಾರಲ್ಲ ಎಂದು ಹೊಟ್ಟೆಕಿಚ್ಚೂ ಆಗಿತ್ತು.

*

ಮಗಳು ವರಾಂಡಕ್ಕೆ ಬಂದು ಅವನೆದುರು ನಿಂತಳು. ಅವನು ಎದ್ದ.

"ಅಪ್ಪ ಕುಸಿದ ಮೇಲೆ ನೀನು ನಲ್ಲಿ ಹತ್ರ ಕತ್ತಿ ತೊಳೀತಿದ್ದೆಯಂತೆ. ಕಸ ಗುಡಿಸೋಳು ಕಿಟಕಿಯಿಂದ ನೋಡಿದಾಳೆ."

"ತೊಳೀತಿದ್ದೆ ಅಕ್ಕ."

"ರಕ್ತಾನಾ?"

"ಹೂಂ. ತಲೆ ಒಮ್ಮೆಲೇ ವಾಲಿತು. ಕತ್ತಿ ತಗುಲ್ತು."

"ತಗುಲಿದ ತಕ್ಷಣ ಯಾಕೆ ಕೂಗಲಿಲ್ಲ?"

"ತೆರೆದ ಕತ್ತಿ ಇಟ್ಟು ತಿರುಗಬೇಡ, ಪ್ರಳಯ ಆದ್ರೂ ಸರಿ, ತೊಳೆದು ಒರೆಸಿ ಮಡಚಿಟ್ಟು ಆಮೇಲೆ ತಿರುಗು ಅಂತ ಮೇಷ್ಟ್ರು ದಿನಾ ಬೈತಿದ್ರು. ಕೈ ತಾನೇ ತೊಳೀತು. ಒರೆಸಿತು. ಆಮೇಲೆ ಕೂಗಿದೆ."

"ಮೊದಲೇ ಕೂಗಿದ್ರೆ ಉಳೀತಿದ್ರಾ?"

"ಡಾಕ್ಟರನ್ನ ಕೇಳಿದೆ. ಹೇಳಕ್ಕಾಗಲ್ಲ ಅಂದ್ರು."

ಆ ಮಾತು ಅಪ್ಪನದೇ. ಪ್ರಳಯ ಎಂಬ ಪದವನ್ನೂ ಬಿಡದೆ ಇವನು ಹೇಳಿದ್ದ. ಆದರೆ ಮೂರು ತಿಂಗಳು ಜೊತೆಗಿದ್ದವನಿಗೆ ಅಪ್ಪನ ಮಾತು ಕದಿಯುವುದು ಎಷ್ಟರ ಕೆಲಸ? ಅವಳಿಗೆ ಅವನ ಮೇಲೆ ಸಿಟ್ಟಿತ್ತು. ಇವನನ್ನು ನಂಬಿ ಕಣ್ಣು ಮುಚ್ಚಿದ ಅಪ್ಪನ ಮೇಲೆ ಅದಕ್ಕಿಂತ ಹೆಚ್ಚು ಸಿಟ್ಟಿತ್ತು.

"ಜೇಬಲ್ಲೇನಿದೆ?"

ಅವನು ಕೈ ಹೊರತೆಗೆದ. ಹಿಂದೆ ನಿಂತಿದ್ದವರು ಎರಡು ಹೆಜ್ಜೆ ಸರಿದರು. ಬಿಳಿ ಬಟ್ಟೆಯಲ್ಲಿ ಸುತ್ತಿದ ಅಪ್ಪನ ಕತ್ತಿ.

"ನಿಮಗೆ ಒಪ್ಪಿಸೋಣ ಅಂತ ತಂದಿದ್ದೀನಿ" ಎಂದ. ಬಾಗಿಲಿನಿಂದಲೇ ಒಳಗೆ ಮೇಷ್ಟ್ರ ಕಡೆ ನೋಡಿ, "ಎಡಗಡೆ ಉಳಿದಿದೆ ಅಕ್ಕ" ಎಂದ.

"ಹೊರಗೆ ನಡಿ" ಎಂದ ಗಂಡ.

"ಇರಲಿ, ಒಳಗೆ ಬರಲಿ" ಎಂದಳು ಮಗಳು. "ಇವನ ಕೈ ನೋಡ್ಬೇಕು ನಾನು. ಆಮೇಲೆ ಸಹಿ ಮಾತು."

ಅವನು ಅಪ್ಪನ ಪಕ್ಕ ಮಂಡಿಯೂರಿದ. ನೊರೆ ಹಚ್ಚಿದ. ಕತ್ತಿ ಬಿಚ್ಚಿದ. ಬಾಗಿಲ ತುಂಬ ಜನ. ಗಂಡ ಒಂದು ಕೈಯಲ್ಲಿ ದೂರು, ಒಂದು ಕೈಯಲ್ಲಿ ಪೆನ್ನು ಹಿಡಿದು ನಿಂತಿದ್ದ. ಮಗಳು ಕತ್ತಿಯ ತುದಿಯಿಂದ ಕಣ್ಣು ತೆಗೆಯಲಿಲ್ಲ. ಕೆನ್ನೆಯಿಂದ ಒಂದಂಗುಲ ದೂರದಲ್ಲಿ ಅದು ನಡುಗತೊಡಗಿತು. ಅವನು ಹಿಂತೆಗೆದು ಮತ್ತೆ ತಂದ. ಮತ್ತೆ ನಡುಗಿತು.

"ನೋಡ್ದ್ಯಾ ಹೇಗೆ ನಡುಗ್ತಿದೆ?" ಗಂಡ ಪೆನ್ನು ಮುಂದೆ ಚಾಚಿದ. "ತಗೋ."

"ನೀವೇ ಇಟ್ಕೊಳ್ಳಿ. ನನಗೆ ಎರಡೂ ಕೈ ಬೇಕು."

ಅವಳು ಅಪ್ಪನ ತಲೆಯ ಕಡೆ ಕೂತು, ಕಿವಿಯ ಹತ್ತಿರ ಒಂದು ಕೈ, ಗದ್ದದ ಹತ್ತಿರ ಒಂದು ಕೈ ಇಟ್ಟು, ತಣ್ಣಗಿನ ಚರ್ಮವನ್ನು ಬಿಗಿಯಾಗಿ ಎಳೆದು ಹಿಡಿದಳು. ಕತ್ತಿ ಅವಳ ಬೆರಳುಗಳ ನಡುವೆ ಬಂದು ನಿಂತಿತು. ಇನ್ನೂ ನಡುಗುತ್ತಿತ್ತು.

ಅವಳು ಕಣ್ಣು ಮುಚ್ಚಿಕೊಂಡಳು. ಸ್ವಲ್ಪ ಹೊತ್ತಿಗೆ ಗಡ್ಡದ ಮೇಲೆ ಕತ್ತಿ ಇಳಿಯುವ ಕರಕರ ಸದ್ದು ಶುರುವಾಯಿತು.