ಬಾಚಣಿಗೆ ಹಕ್ಕಿಗೆ ದಾರಿ ಬಿಟ್ಟ ಭಾವ

ಹುಲ್ಲು ಎದೆಮಟ್ಟ ಬೆಳೆದು ಬಲಿತಿತ್ತು. ಇವತ್ತು ಕೊಯ್ದರೆ ಬಿಸಿಲಿಗೆ ಒಣಗಿ ಮನೆ ಸೇರುತ್ತದೆ, ತಡವಾದರೆ ಮಳೆಗೆ ಸಿಕ್ಕಿ ಕೊಳೆಯುತ್ತದೆ. ಕೊಟ್ಟಿಗೆಯ ಹಸುಗಳಿಗೆ ವರ್ಷದ ಮೇವು ಅದೇ. ಇಂಥ ಹೊತ್ತಿನಲ್ಲಿ ಟ್ರ್ಯಾಕ್ಟರ್ ಹತ್ತಲು ಹೊರಟವನ ಎದುರು ಹಕ್ಕಿಯ ವಿಷಯ ಎತ್ತಿದರೆ ಹೇಗಿರಬೇಡ? ಎತ್ತಿದವಳು ಹೆಂಡತಿಯ ತಂಗಿ. ಹಕ್ಕಿಗಳ ಸಮೀಕ್ಷೆ ಮಾಡುವುದು ಅವಳ ಕೆಲಸ. ಬೆಳಗಾಗುತ್ತಲೇ ಕೆಸರು ಬೂಟು ಹಾಕಿಕೊಂಡು ಅಡುಗೆಮನೆಗೆ ಬಂದು ಕೂತಿದ್ದಳು.

"ಭಾವ, ನಿಮ್ಮ ಹುಲ್ಲಲ್ಲಿ ಬಾಚಣಿಗೆ ಹಕ್ಕಿ ಮರಿ ಮಾಡಿದೆ. ಈಗಷ್ಟೇ ಮರಿಗಳ ದನಿ ಕೇಳಿಸ್ಕೊಂಡು ಬಂದೆ."

ಬಾಚಣಿಗೆಯ ಹಲ್ಲಿನ ಮೇಲೆ ಉಗುರು ಎಳೆದಂಥ ಕೂಗು ಅದರದು. ಹಾಗಾಗಿ ಮನೆಯವರೇ ಇಟ್ಟ ಹೆಸರು. ಕೂಗನ್ನು ಎಲ್ಲರೂ ಕೇಳಿದ್ದರು, ಹಕ್ಕಿಯನ್ನು ಕಂಡವರಿರಲಿಲ್ಲ.

"ಇದ್ರೆ ಇರ್ಲಿ ಬಿಡು. ರೆಕ್ಕೆ ಇಲ್ವಾ ಅದಕ್ಕೆ? ಹಾರಿಹೋಗುತ್ತೆ."

"ತಾಯಿಗಿದೆ, ಮರಿಗಿಲ್ಲ. ಇದು ನೆಲದ ಮೇಲೆ ಗೂಡು ಮಾಡೋ ಹಕ್ಕಿ. ಹೆದರಿದ್ರೆ ಹಾರಲ್ಲ, ಹುಲ್ಲಲ್ಲೇ ಅವಿತ್ಕೊಳ್ಳುತ್ತೆ. ಸುತ್ತಮುತ್ತ ಇನ್ನೆಲ್ಲೂ ಇದರ ಕೂಗು ಕೇಳ್ತಿಲ್ಲ ಭಾವ. ಏನು ತಿನ್ನುತ್ತೆ, ಮರಿ ಹೇಗೆ ಸಾಕುತ್ತೆ ಅಂತ ನಮ್ಮ ಆಫೀಸಲ್ಲೂ ಯಾರಿಗೂ ಸರಿಯಾಗಿ ಗೊತ್ತಿಲ್ಲ. ಗೊತ್ತಾಗೋ ಮೊದ್ಲೇ ಇಲ್ಲವಾಗ್ಬಿಟ್ರೆ?"

"ಅದಕ್ಕೆ ಕೊಯ್ಲು ನಿಲ್ಲಿಸ್ಲಾ? ಆಮೇಲೆ ನಿಮ್ಮಕ್ಕನ ಹಸುಗಳಿಗೆ ನಿನ್ನ ಬೂಟು ತಿನ್ನಿಸ್ಲಾ?"

ಒಲೆಯ ಬಳಿ ಅಕ್ಕ ನಕ್ಕಳು. ತಂಗಿಯೂ ನಕ್ಕಳು, ಆದರೆ ಜಾಗ ಬಿಟ್ಟು ಏಳಲಿಲ್ಲ.

"ನಿಲ್ಲಿಸ್ಬೇಡಿ. ನೀವು ಎಲ್ಲಿಂದ ಶುರು ಮಾಡ್ತೀರಿ, ಹೇಳಿ."

"ಅಂಚಿಂದ. ಸುತ್ತು ಹಾಕ್ತಾ ಹಾಕ್ತಾ ಒಳಕ್ಕೆ. ನನ್ನ ಸುತ್ತು ನೋಡಿದ್ದೀಯಲ್ಲ, ದಾರ ಹಿಡಿದು ಎಳೆದ ಹಾಗಿರುತ್ತೆ."

"ಈಗ ನೀವೇ ಮರಿ ಅಂದ್ಕೊಳ್ಳಿ. ಕೊಯ್ದ ಕಡೆ ಬಟ್ಟಬಯಲು, ಕಾಲಿಟ್ರೆ ಹದ್ದು. ಬೆನ್ನ ಹಿಂದೆ ಯಂತ್ರ. ಎಲ್ಲಿಗೆ ಓಡ್ತೀರಿ?"

"ಹುಲ್ಲಿರೋ ಕಡೆಗೆ. ನಡುವಿಗೆ," ಎಂದವನು ಕಿಟಕಿಯಾಚೆಯ ಹುಲ್ಲಿನ ಕಡೆ ನೋಡಿದ.

ಪ್ರತಿ ಸಲ ಕೊನೆಗೆ ನಡುವೆ ಒಂದು ಚೂರು ಹುಲ್ಲು ಉಳಿಯುತ್ತಿತ್ತು. ಗಾಳಿಯೇ ಇಲ್ಲದಿದ್ದರೂ ಅದು ಅಲುಗಾಡುವುದನ್ನು ಅವನು ಕಂಡಿದ್ದ. ಇಲಿ ಇರಬೇಕು ಎಂದುಕೊಂಡು ಅದರ ಮೇಲೂ ಯಂತ್ರ ಓಡಿಸಿದ್ದ. ತಾನು ಅಷ್ಟು ಹೆಮ್ಮೆಪಟ್ಟ ಸುತ್ತು ಮರಿಗಳಿಗೆ ಬಲೆಯಾಗಿತ್ತು ಎಂದು ಈಗ ಹೊಳೆಯಿತು.

"ನಡುವಿಂದ ಶುರು ಮಾಡಿದ್ರೆ?" ಎಂದಳು ಹೆಂಡತಿ.

"ಅದೇ ಅಕ್ಕ. ಒಂದು ದಾರಿ ಕೊಯ್ಕೊಂಡು ನಡುವಿಗೆ ಹೋಗ್ಬೇಕು, ಅಲ್ಲಿಂದ ನಿಧಾನವಾಗಿ ಹೊರಕ್ಕೆ ಬರ್ಬೇಕು. ಅವು ಅಂಚಿಗೆ ಓಡ್ತವೆ. ಕಾಲುವೆ ಪಕ್ಕದ ಪಟ್ಟಿ ಬಿಟ್ಬಿಡಿ, ಮರಿ ಹಾರಿದ ಮೇಲೆ ಕೊಯ್ಕೊಳ್ಳಿ."

"ಡೀಸೆಲ್ ನಿಮ್ಮಪ್ಪ ಹಾಕಿಸ್ತಾರಾ?" ಎಂದು ಗೊಣಗಿದ. ಗೊಣಗುತ್ತಲೇ ಕೀಲಿಕೈ ಎತ್ತಿಕೊಂಡ.

ಅಂದು ಟ್ರ್ಯಾಕ್ಟರ್ ಎಮ್ಮೆಯ ನಡಿಗೆಯಲ್ಲಿ ಸಾಗಿತು. ಪಕ್ಕದ ಹೊಲದವನು ಬೇಲಿಗೆ ಆತುಕೊಂಡು, "ಏನಣ್ಣ, ಇವತ್ತು ಎಲ್ಲಾ ಉಲ್ಟಾ? ಮನೇಲಿ ಜಗಳಾನಾ?" ಎಂದು ಕಿಚಾಯಿಸಿದ. ಇವನು ಮುಂದಿನ ಹುಲ್ಲಿನಿಂದ ಕಣ್ಣು ಕೀಳಲಿಲ್ಲ. ಮಧ್ಯಾಹ್ನ ಇಳಿಯಿತು. ಒಂದು ಗರಿಯೂ ಕಾಣಲಿಲ್ಲ. ಕತ್ತಲಾಗುವುದರೊಳಗೆ ಮುಗಿಯದಿದ್ದರೆ ಎಂಬ ದಿಗಿಲಿಗೆ ವೇಗ ಹೆಚ್ಚಿಸಲು ಕಾಲು ಚಡಪಡಿಸಿತು. ಹೆಚ್ಚಿಸಲಿಲ್ಲ.

ಕಾಲುವೆ ಹತ್ತಿರವಾದಾಗ ಮುಂದಿನ ಹುಲ್ಲು ಅಲುಗಿತು. ಗಾಳಿ ಇರಲಿಲ್ಲ. ಅವನು ಎಂಜಿನ್ ಆರಿಸಿಬಿಟ್ಟ.

ಕಂದು ಬಣ್ಣದ ಹಕ್ಕಿಯೊಂದು ಕತ್ತು ಚಾಚಿ ಹೊರಬಂತು. ಅದರ ಹಿಂದೆ ಕಪ್ಪು ಹತ್ತಿಯ ಉಂಡೆಗಳಂತೆ ಮರಿಗಳು. ಎಲ್ಲವೂ ಬಗ್ಗಿ ಓಡಿ ಕಾಲುವೆ ಪಕ್ಕದ ಹುಲ್ಲಿಗೆ ನುಗ್ಗಿದವು. ಹಿಂದೆ ಬಿದ್ದ ಒಂದು ಮುಗ್ಗರಿಸಿ, ಎದ್ದು, ಅದೂ ಸೇರಿಕೊಂಡಿತು.

ಬೇಲಿಯ ಬಳಿ ಇದ್ದವನು ತುದಿಗಾಲಲ್ಲಿ ನಿಂತು ನೋಡುತ್ತಿದ್ದ. ಟ್ರ್ಯಾಕ್ಟರ್ ಹಿಂದೆಯೇ ನಡೆದು ಬಂದಿದ್ದ ನಾದಿನಿಯ ಕಣ್ಣು ತುಂಬಿತ್ತು. "ಭಾವ, ಇಷ್ಟು ವರ್ಷದಲ್ಲಿ ನಾನೂ ಇದನ್ನ ಕಣ್ಣಾರೆ ಕಂಡಿರಲಿಲ್ಲ."

ಅವನು ಸೀಟಿನ ಮೇಲೆ ಎದ್ದು ನಿಂತ. ಯಾವ ಕೊಯ್ಲು ಮುಗಿದಾಗಲೂ ಅವನಿಗೆ ಇಷ್ಟು ಸಂತೋಷವಾಗಿರಲಿಲ್ಲ. "ನೋಡಿದ್ಯೇನೋ ನನ್ನ ಸುತ್ತು?" ಎಂದು ಬೇಲಿಯ ಕಡೆಗೆ ಕೂಗಿದ.

ಹುಲ್ಲು ಒಣಗಿ ಮಳೆಗೆ ಮುಂಚೆ ಕೊಟ್ಟಿಗೆಯ ಅಟ್ಟ ಸೇರಿತು. ಹಸುಗಳಿಗೆ ಏನೂ ಕಡಿಮೆಯಾಗಲಿಲ್ಲ. ಮರುವರ್ಷ ಕೊಯ್ಲಿನ ಮುನ್ನ ಆ ಪಕ್ಕದ ಹೊಲದವನೇ ಬಂದು ಅಂಗಳದಲ್ಲಿ ನಿಂತ. ಮುಖದಲ್ಲಿ ಸಿಡುಕು, ದನಿಯಲ್ಲಿ ಮಾತ್ರ ಜಂಬ.

"ಅಣ್ಣ, ನಿನ್ನ ಹಕ್ಕಿ ಈ ಸಲ ನನ್ನ ಹುಲ್ಲಲ್ಲಿ ಕೂತ್ಕೊಂಡು ಬಾಚಣಿಗೆ ಕೆರೀತಿದೆ. ನಡುವಿಗೆ ಹೇಗೆ ಹೋಗೋದು, ಸ್ವಲ್ಪ ತೋರಿಸ್ಕೊಡು."

ಓದುತ್ತಿರುವ ಅಣ್ಣಂದಿರೇ, ಅಕ್ಕಂದಿರೇ, ನಿಮ್ಮ ಹುಲ್ಲಿನಲ್ಲೂ ಯಾರೋ ಗೂಡು ಮಾಡಿರಬಹುದು. ಕೊಯ್ಲು ಬಿಡಬೇಡಿ. ನಡುವಿನಿಂದ ಶುರು ಮಾಡಿ, ನಿಧಾನವಾಗಿ ಹೊರಗೆ ಬನ್ನಿ, ಅಂಚಿನಲ್ಲಿ ಒಂದು ಪಟ್ಟಿ ಉಳಿಸಿ. ಗಾಳಿ ಇಲ್ಲದೆ ಹುಲ್ಲು ಅಲುಗಿದರೆ ದಯವಿಟ್ಟು ಎಂಜಿನ್ ಆರಿಸಿ.